ಕಾಗದಕ್ಕಿಳಿಯುವ ಮೊದಲೇ ಕಟ್ಟಿದ ಊರು

ಎಡ್ವರ್ಡ್ ಪಿ. ಜೋನ್ಸ್ ಅವರು ಇದುವರೆಗೆ ಬರೆದಿರುವ ಏಕೈಕ ಕಾದಂಬರಿ ‘ದ ನೋನ್ ವರ್ಲ್ಡ್’ 2003ರಲ್ಲಿ ಪ್ರಕಟವಾಗಿ, ಮರುವರ್ಷ ಪುಲಿಟ್ಜರ್ ಪ್ರಶಸ್ತಿಯನ್ನೂ 2005ರಲ್ಲಿ ಡಬ್ಲಿನ್ನಿನ ಇಂಪ್ಯಾಕ್ ಪ್ರಶಸ್ತಿಯನ್ನೂ ಪಡೆದಾಗ, ಐವತ್ತು ದಾಟಿದ್ದ ಈ ಲೇಖಕ ಅನೇಕ ಓದುಗರಿಗೆ ಹೊಸಬರಾಗಿ ಕಂಡರು. ಆದರೆ ಆ ಕೃತಿ ಅದಕ್ಕೂ ಸುಮಾರು ಹತ್ತು ವರ್ಷ ಮೊದಲಿನಿಂದ, ಬಹುಪಾಲು ಒಂದಕ್ಷರವೂ ಕಾಗದ ಕಾಣದೆ, ಅವರ ಮನಸ್ಸಿನಲ್ಲಿ ಬೆಳೆಯುತ್ತಲೇ ಇತ್ತು.

ಜೋನ್ಸ್ ಹುಟ್ಟಿದ್ದು 1950ರಲ್ಲಿ, ವಾಷಿಂಗ್ಟನ್ ನಗರದ ಬಡ ಕಪ್ಪುಜನರ ಬೀದಿಗಳಲ್ಲಿ. ಪಾತ್ರೆ ತೊಳೆದು, ಕಸಮುಸುರೆಯ ಕೆಲಸ ಮಾಡಿ ಮಕ್ಕಳನ್ನು ಸಾಕಿದ ತಾಯಿಗೆ ಓದುಬರಹ ತಿಳಿದಿರಲಿಲ್ಲ. ಜೋನ್ಸ್ ಅವರಿಗೆ ಹದಿನೆಂಟು ತುಂಬುವಷ್ಟರಲ್ಲಿ ಈ ಕುಟುಂಬ ಹದಿನೆಂಟು ಮನೆಗಳನ್ನು ಬದಲಿಸಿತ್ತು. ಗಂಟುಮೂಟೆ ಬಿಚ್ಚುವ ಮೊದಲೇ ಮತ್ತೆ ಕಟ್ಟಬೇಕಾದ ಇಂಥ ಬಾಳಿನಲ್ಲಿ ನೆನಪೊಂದೇ ಸ್ಥಿರವಾದ ಆಸ್ತಿಯಾಗುವುದು ಸಹಜ. 1992ರ ‘ಲಾಸ್ಟ್ ಇನ್ ದ ಸಿಟಿ’ ಸಂಕಲನದ ಹದಿನಾಲ್ಕು ಕಥೆಗಳು ಅದೇ ಬೀದಿಗಳಿಂದ ಎದ್ದು ಬಂದವು. ಜೇಮ್ಸ್ ಜಾಯ್ಸ್ ಡಬ್ಲಿನ್ ನಗರಕ್ಕೆ ಮಾಡಿದ್ದನ್ನು ತಮ್ಮ ಊರಿಗೆ ಮಾಡಬೇಕೆಂಬ ಹಂಬಲ ಅವುಗಳ ಹಿಂದಿತ್ತು.

ಕಾದಂಬರಿಯ ಬೀಜ ಬಿದ್ದದ್ದು ಇನ್ನೂ ಹಿಂದೆ. ವಿದ್ಯಾರ್ಥಿವೇತನದ ನೆರವಿನಿಂದ ಹೋಲಿ ಕ್ರಾಸ್ ಕಾಲೇಜಿನಲ್ಲಿ ಓದುತ್ತಿದ್ದಾಗ, ಗುಲಾಮಗಿರಿಯ ಕಾಲದಲ್ಲಿ ಕಪ್ಪುಜನರಲ್ಲೇ ಕೆಲವರು ಗುಲಾಮರ ಒಡೆಯರಾಗಿದ್ದರೆಂಬ ಸಂಗತಿ ಅವರ ಗಮನಕ್ಕೆ ಬಂತು. ಈ ವಿಚಿತ್ರಕ್ಕೆ ಕಾನೂನಿನ ಬೇರೂ ಇತ್ತು. ವರ್ಜೀನಿಯಾ ರಾಜ್ಯದ 1806ರ ಕಾಯಿದೆಯ ಪ್ರಕಾರ, ಬಿಡುಗಡೆ ಪಡೆದ ಗುಲಾಮರು ವಿಶೇಷ ಅನುಮತಿ ಇಲ್ಲದಿದ್ದರೆ ಹನ್ನೆರಡು ತಿಂಗಳೊಳಗೆ ರಾಜ್ಯವನ್ನೇ ತೊರೆಯಬೇಕಾಗಿತ್ತು. ಆದ್ದರಿಂದ ದುಡಿದು ಹಣ ಕೂಡಿಸಿ ಹೆಂಡತಿ ಮಕ್ಕಳನ್ನು ಕೊಂಡುಕೊಂಡವನು, ಅವರನ್ನು ಜೊತೆಯಲ್ಲೇ ಉಳಿಸಿಕೊಳ್ಳುವ ಸಲುವಾಗಿ ಕಾಗದದ ಮೇಲೆ ಅವರ ಒಡೆಯನಾಗಿಯೇ ಉಳಿಯಬೇಕಾಗುತ್ತಿತ್ತು. ಕಾದಂಬರಿಯ ಬಡಗಿ ಅಗಸ್ಟಸ್ ಟೌನ್‌ಸೆಂಡ್ ಇಂಥ ತಂದೆ. ಪ್ರೀತಿಗಾಗಿ ಅವನು ಹೊತ್ತ ಆ ಒಡೆತನವನ್ನು ಮಗ ಹೆನ್ರಿ ಮಾತ್ರ ಬಾಳುವ ರೀತಿಯನ್ನಾಗಿ ಮಾಡಿಕೊಂಡು, ತನ್ನ ಹಳೆಯ ಬಿಳಿಯ ಯಜಮಾನನ ನೆರಳಿನಲ್ಲಿ ಬೆಳೆದು, ಸಾಯುವಾಗ ಮೂವತ್ತಮೂರು ಜೀವಗಳ ಮಾಲೀಕನಾಗಿರುತ್ತಾನೆ. ಅಗಸ್ಟಸ್‌ನಿಗಾದರೋ ಸ್ವಾತಂತ್ರ್ಯವೆಂದರೆ ಜೇಬಿನಲ್ಲಿನ ಒಂದು ಬಿಡುಗಡೆ ಪತ್ರವಷ್ಟೇ: ರಾತ್ರಿ ಪಹರೆಯವನೊಬ್ಬ ಅದನ್ನು ಅಗಿದು ನುಂಗಿದ ಗಳಿಗೆಯಲ್ಲಿ ಅವನು ಮತ್ತೆ ಮಾರಾಟದ ಸರಕಾಗುತ್ತಾನೆ. ಒಂದು ಇಡೀ ವ್ಯವಸ್ಥೆಯ ಕ್ರೌರ್ಯವನ್ನು ಇಷ್ಟು ಸಣ್ಣ ಕ್ರಿಯೆಯಲ್ಲಿ ಹಿಡಿದ ದೃಶ್ಯಗಳು ಅಮೆರಿಕದ ಸಾಹಿತ್ಯದಲ್ಲಿ ವಿರಳ.

ತೆರಿಗೆ ವಿಷಯದ ವೃತ್ತಿಪತ್ರಿಕೆಯೊಂದರಲ್ಲಿ ಸುಮಾರು ಹತ್ತೊಂಬತ್ತು ವರ್ಷ ದುಡಿದ ಜೋನ್ಸ್, ಗುಲಾಮಗಿರಿಯ ಚರಿತ್ರೆಯ ಹತ್ತಾರು ಪುಸ್ತಕಗಳನ್ನು ಕೂಡಿಟ್ಟು, ಓದನ್ನು ಮುಂದೂಡುತ್ತಲೇ ಪಾತ್ರಗಳ ಹುಟ್ಟು, ನಂಟು, ಸಾವುಗಳನ್ನು ಮನಸ್ಸಿನಲ್ಲಿ ಹೆಣೆದರು. ಅಷ್ಟು ಕಾಲದಲ್ಲಿ ಬರೆದದ್ದು ಹನ್ನೆರಡು ಪುಟ ಮಾತ್ರ. ಕೊನೆಗೆ ರಜೆ ಹಾಕಿ ಬರೆಯಲು ಕುಳಿತರು. 2002ರ ಆರಂಭದಲ್ಲಿ ಕೆಲಸವೂ ಹೋಯಿತು. ಕೆಲವೇ ತಿಂಗಳಲ್ಲಿ ಮೊದಲ ಕರಡು ಮುಗಿಯಿತು. ಕಥೆ ನಡೆಯುವ ಮ್ಯಾಂಚೆಸ್ಟರ್ ಕೌಂಟಿ, ಅಂದರೆ ನಮ್ಮ ಜಿಲ್ಲೆಯಂಥ ಆಡಳಿತ ಘಟಕ, ಗ್ರಂಥಾಲಯದಿಂದ ಎತ್ತಿ ತಂದ ಸ್ಥಳವಲ್ಲ, ಪೂರ್ತಿ ಕಲ್ಪಿತವಾದದ್ದು. ಅಲ್ಲಿನ ಜನಗಣತಿಯ ಅಂಕಿಗಳು, ಇತಿಹಾಸಕಾರರ ಹೆಸರುಗಳು ಕೂಡ ಲೇಖಕರ ಸೃಷ್ಟಿಯೇ. ಆದರೂ ಕಡತ ತೆರೆದು ಓದುತ್ತಿರುವಂಥ ನಿಶ್ಚಯ ಆ ಗದ್ಯಕ್ಕಿದೆ. ಹುಡುಗನೊಬ್ಬನ ಬಗ್ಗೆ ಹೇಳುತ್ತಿರುವ ವಾಕ್ಯವೇ ದಶಕಗಳಾಚೆಗಿನ ಅವನ ಮುಪ್ಪನ್ನೂ ಮುಟ್ಟಿ ಹಿಂದಿರುಗುವುದು, ಪ್ರತಿಯೊಬ್ಬರ ಪೂರ್ತಿ ಆಯುಷ್ಯ ಲೇಖಕರಿಗೆ ಮೊದಲೇ ಗೊತ್ತಿದ್ದುದರಿಂದ ಸಾಧ್ಯವಾದ ಕೌಶಲ. 2006ರ ‘ಆಲ್ ಆಂಟ್ ಹೇಗರ್ಸ್ ಚಿಲ್ಡ್ರನ್’ ಸಂಕಲನದಲ್ಲಿ ಅವರು ಮತ್ತೆ ವಾಷಿಂಗ್ಟನ್ನಿಗೆ ಮರಳಿ, ಮೊದಲ ಸಂಕಲನದ ಕಥೆಗಳಿಗೆ ನಂಟು ಬೆಸೆಯುವ ಇನ್ನೂ ಹದಿನಾಲ್ಕು ಕಥೆಗಳನ್ನು ಕೊಟ್ಟರು.

ಕಾದಂಬರಿಯಲ್ಲಿ ಆಲಿಸ್ ಎಂಬ ಗುಲಾಮ ಹೆಂಗಸೊಬ್ಬಳಿದ್ದಾಳೆ. ಹುಚ್ಚಿಯೆಂದೇ ಎಲ್ಲರೂ ಬಗೆದಿದ್ದರಿಂದ ರಾತ್ರಿಯಿಡೀ ಅಲೆದರೂ ಅವಳನ್ನು ಯಾರೂ ತಡೆಯುವುದಿಲ್ಲ. ಅವಳು ತಪ್ಪಿಸಿಕೊಂಡು ವಾಷಿಂಗ್ಟನ್ ಸೇರಿದ ಮೇಲೆ, ಹೆನ್ರಿಯ ಭಾವಮೈದುನ ಕ್ಯಾಲ್ವಿನ್ ಅಲ್ಲಿನ ಗೋಡೆಯೊಂದರ ಮೇಲೆ ಬಟ್ಟೆ, ಬಣ್ಣ, ಜೇಡಿಮಣ್ಣುಗಳಿಂದಾದ ಒಂದು ಭೂಪಟವನ್ನು ನೋಡಿ ಬೆರಗಾಗಿ ಸೋದರಿಗೆ ಪತ್ರ ಬರೆಯುತ್ತಾನೆ: ಮ್ಯಾಂಚೆಸ್ಟರ್ ಕೌಂಟಿಯ ದಾರಿಗಳೂ ಮನೆಗಳೂ ಅಲ್ಲಿ ಒಂದೂ ಬಿಡದಂತೆ ಇವೆ, ಎಲ್ಲವೂ ಆಲಿಸ್‌ಳ ನೆನಪಿನಿಂದಲೇ ಬಂದಂಥವು.