ಫಡೆಪ್ಪ ದರೆಪ್ಪ ಚೌಗುಲೆ: 1920ನೆಯ ಇಸವಿಯ ದೂರದೋಟದ ವಿಚಾರ

ಹಾನಗಲ್ಲಿನ ತಾರಕೇಶ್ವರ ದೇವಾಲಯದ ಆವರಣದಲ್ಲಿ ವೀರಗಲ್ಲುಗಳಿರುವುವು. ವೀರಗಲ್ಲಿನ ಸಾಮಾನ್ಯ ಲಕ್ಷಣವು ವಿದ್ವಾಂಸರಿಗೆ ತಿಳಿದುದೇ: ಕೆಳಗಿನ ಹಂತದಲ್ಲಿ ಕಾಳಗ, ನಡುವೆ ವೀರನನ್ನು ಕೊಂಡೊಯ್ಯುವ ಸುರಾಂಗನೆಯರು, ಮೇಲೆ ದೇವಸನ್ನಿಧಿ. ಕಾದಿ ಮಡಿದವನನ್ನು ಈ ನಾಡು ಹೀಗೆ ಕಲ್ಲಿನಲ್ಲಿ ಕಾಪಾಡಿತು. ಪರದೇಶದಲ್ಲಿ ಓಡಿ ಮರಳಿದ ಬೆಳಗಾವಿಯ ಫಡೆಪ್ಪ ದರೆಪ್ಪ ಚೌಗುಲೆಯವರಿಗಾದರೋ, ಪಂದ್ಯದ ದಾಖಲೆಯ ಕೆಲವು ಅಂಕೆಗಳೇ ಸ್ಮಾರಕವಾಗಿರುವುವು. ಆ ಅಂಕೆಗಳ ಅರ್ಥವನ್ನು ವಿಚಾರಿಸುವುದು ಆವಶ್ಯಕವಾಗಿದೆ.

ಮೊದಲು ಹೆಸರಿನ ಮಾತು. 'ಚೌಗುಲೆ' ಎಂಬುದು ಪಾಟೀಲನಿಗೆ ಸಹಾಯಕನಾದ ಗ್ರಾಮಾಧಿಕಾರಿಯ ಪದವಿಯಿಂದ ಬಂದ ಮನೆತನದ ಹೆಸರು. ಕನ್ನಡ ಮರಾಠಿಗಳೆರಡರ ಸೀಮೆಯಲ್ಲಿಯೂ ಅದು ಬಳಕೆಯಲ್ಲಿದೆ. 'ಫಡೆಪ್ಪ', 'ದರೆಪ್ಪ' ಎಂಬುವುಗಳ ಕೊನೆಯಲ್ಲಿರುವ 'ಅಪ್ಪ' ಎಂಬುದು ಕನ್ನಡದ ಪದವೇ. ಇಷ್ಟರಿಂದಲೇ ಮನೆಮಾತನ್ನು ನಿಶ್ಚಯಿಸುವುದು ಯುಕ್ತವಲ್ಲ. ಆದರೆ ಎರಡು ನುಡಿಗಳು ಒಂದೇ ಹೆಸರಿನಲ್ಲಿ ಕೂಡಿರುವುದು ಗಡಿನಾಡಿನ ಸ್ವಭಾವಕ್ಕೆ ಒಳ್ಳೆಯ ನಿದರ್ಶನವಾಗಿದೆ.

ಆ ಕಾಲದಲ್ಲಿ ಬೆಳಗಾವಿ ಜಿಲ್ಲೆಯೂ, ಹಾನಗಲ್ಲು ಸೇರಿದ್ದ ಧಾರವಾಡ ಜಿಲ್ಲೆಯೂ ಮುಂಬಯಿ ಪ್ರಾಂತಕ್ಕೆ ಒಳಪಟ್ಟಿದ್ದುವು. ಸವಣೂರು ನವಾಬರ ಸಂಸ್ಥಾನವಾಗಿತ್ತು. ಪುಣೆಯ ಡೆಕ್ಕನ್ ಜಿಮಖಾನದ ಪಂದ್ಯಗಳಲ್ಲಿ ಹಳ್ಳಿಯ ತರುಣರು ಬರಿಗಾಲಿನಲ್ಲಿ ಓಡಿದುದನ್ನು ಸರ್ ದೊರಾಬ್ಜಿ ಟಾಟಾ ಅವರು ಕಂಡು, ಅವರ ವೇಗವು ಐರೋಪ್ಯರ ವೇಗಕ್ಕೆ ಸಮೀಪವಾದುದೆಂದು ಮನಗಂಡರು. ಅವರ ಪ್ರಯತ್ನದಿಂದ 1920ರಲ್ಲಿ ಬೆಲ್ಜಿಯಂ ದೇಶದ ಆಂಟ್ವರ್ಪ್ ನಗರದ ಒಲಿಂಪಿಕ್ ಪಂದ್ಯಗಳಿಗೆ ಭಾರತದಿಂದ ಒಂದು ಚಿಕ್ಕ ತಂಡವು ಹೋಯಿತು. ಚೌಗುಲೆಯವರು ಆ ತಂಡದವರು.

ಆಗಸ್ಟ್ 22ರಂದು ಮ್ಯಾರಥಾನ್ ಓಟವು ನಡೆಯಿತು. ಫಿನ್ಲೆಂಡಿನ ಹನ್ನೆಸ್ ಕೊಲೆಮೈನೆನ್ 2 ಗಂಟೆ 32 ನಿಮಿಷ 35.8 ಸೆಕೆಂಡುಗಳಲ್ಲಿ ಮೊದಲಿಗರಾದರು. ಚೌಗುಲೆಯವರು 2 ಗಂಟೆ 50 ನಿಮಿಷ 45.4 ಸೆಕೆಂಡುಗಳಲ್ಲಿ ಓಟವನ್ನು ಪೂರೈಸಿ 19ನೆಯವರಾದರು. ಅವರೊಡನೆ ಹೊರಟ ಸದಾಶಿವ ದಾತಾರರಿಗೆ ಗುರಿ ಮುಟ್ಟುವುದು ಸಾಧ್ಯವಾಗಲಿಲ್ಲ.

ಇಲ್ಲಿ ಒಂದು ಎಚ್ಚರಿಕೆಯು ಅವಶ್ಯ. ಈ ಕಾಲಮಾನವನ್ನು ಈಗಿನ ಕಾಲಮಾನಗಳ ಪಕ್ಕದಲ್ಲಿಟ್ಟು ತೂಗುವವರು ಎರಡೂ ದೂರಗಳು ಒಂದೇ ಎಂದು ಭಾವಿಸುವುದುಂಟು. ಅದು ಸರಿಯಲ್ಲ. 42.195 ಕಿಲೋಮೀಟರುಗಳ ಅಳತೆಯು 1908ರ ಲಂಡನ್ ಪಂದ್ಯದಲ್ಲಿ ಮೊದಲು ಬಂದಿತಾದರೂ ನಿಯಮವಾಗಿ ನಿಂತುದು 1921ರಲ್ಲಿ. ಆಂಟ್ವರ್ಪಿನ ದಾರಿಯು 42.75 ಕಿಲೋಮೀಟರುಗಳಾಗಿದ್ದಿತು, ಒಲಿಂಪಿಕ್ ಮ್ಯಾರಥಾನುಗಳಲ್ಲಿ ಅದಕ್ಕಿಂತ ಉದ್ದವಾದುದು ಇಲ್ಲ. ಚೌಗುಲೆಯವರು ಕಿಲೋಮೀಟರಿಗೆ ಸರಾಸರಿ ನಾಲ್ಕು ನಿಮಿಷಕ್ಕಿಂತ ತುಸು ಕಡಮೆ ಕಾಲದಲ್ಲಿ ಓಡಿದಂತಾಯಿತು. ಅದೇ ವೇಗದಿಂದ ಈಗಿನ ದೂರವನ್ನು ಗಣಿಸಿದರೆ ಸುಮಾರು 2 ಗಂಟೆ 48 ನಿಮಿಷ 32 ಸೆಕೆಂಡುಗಳಾಗುವುವು. ಪಾಠಾಂತರವನ್ನು ನೋಡದೆ ಶ್ಲೋಕಕ್ಕೆ ಅರ್ಥ ಹೇಳುವುದು ಹೇಗೆ ದೋಷವೋ, ದಾರಿಯ ಉದ್ದವನ್ನು ನೋಡದೆ ಓಟಗಾರನ ಯೋಗ್ಯತೆಯನ್ನು ನಿರ್ಣಯಿಸುವುದೂ ಹಾಗೆಯೇ ದೋಷ.

'ಹತ್ತೊಂಬತ್ತನೆಯ ಸ್ಥಾನ' ಎಂಬುದು ಕೇಳುವುದಕ್ಕೆ ಅಲ್ಪವಾಗಿ ತೋರಬಹುದು. ಆದರೆ ಈ ಓಟಕ್ಕೆ ಮೊದಲು ಭಾರತದವರಾರೂ ಒಲಿಂಪಿಕ್ ಮ್ಯಾರಥಾನನ್ನು ಓಡಿರಲಿಲ್ಲ. ಭಾರತೀಯ ಒಲಿಂಪಿಕ್ ಸಂಸ್ಥೆಯು ಹುಟ್ಟಿದುದು ಏಳು ವರ್ಷಗಳ ತರುವಾಯ, 1927ರಲ್ಲಿ. ಹೀಗಿರಲು ನಮ್ಮ ಸೀಮೆಯ ಇತಿಹಾಸವನ್ನು ಬರೆಯುವವರು ಕಲ್ಲುಗಳಲ್ಲಿರುವ ವೀರರೊಡನೆ ಈ ಓಟಗಾರನ ಹೆಸರನ್ನೂ ಎಣಿಸುವುದು ನ್ಯಾಯವಾದುದು.