ಗೆರೆ ಇದ್ದರೆ ಸಿಟ್ರೊಯೆನ್, ಇಲ್ಲದಿದ್ದರೆ ಪನಾರ್

ಬಾನೆಟ್ ಎತ್ತಿದರೆ ಎದುರಿಗೆ ಫ್ಯಾನ್, ಎಡಕ್ಕೊಂದು ಬಲಕ್ಕೊಂದು ಮಲಗಿದ ಸಿಲಿಂಡರ್. ರೇಡಿಯೇಟರ್ ಇಲ್ಲ, ನೀರಿನ ಪೈಪೂ ಇಲ್ಲ. 1950ರ ದಶಕದ ಫ್ರಾನ್ಸಿನಲ್ಲಿ ಇಂಥ ಎಂಜಿನ್ ಹೊತ್ತು ಓಡಾಡುತ್ತಿದ್ದ ಹೆಸರಾಂತ ಕಾರುಗಳು ಎರಡು: ಸಿಟ್ರೊಯೆನ್‌ನ 2ಸಿವಿ ಮತ್ತು ಪನಾರ್‌ನ ಡೀನಾ. ಎರಡರ ಎಂಜಿನ್ನೂ ಗಾಳಿಯಲ್ಲೇ ತಣಿಯುತ್ತದೆ, ಎರಡೂ ಮುಂದಿನ ಗಾಲಿಗಳನ್ನು ತಿರುಗಿಸುತ್ತವೆ. ಹೊಸಬರಿಗೆ ಒಂದೇ ಎನಿಸುವುದು ಸಹಜ.

ವ್ಯತ್ಯಾಸ ಸಿಲಿಂಡರಿನ ಮೇಲೇ ಇದೆ. 2ಸಿವಿಯ ಸಿಲಿಂಡರ್ ಬೀಡುಕಬ್ಬಿಣದ್ದು, ಹೆಡ್ ಅಲ್ಯೂಮಿನಿಯಂನದು. ಕಪ್ಪು ಲೋಹ ಮುಗಿದು ಬಿಳಿ ಲೋಹ ಶುರುವಾಗುವ ಜಾಗದಲ್ಲಿ ಸಣ್ಣ ಗೆರೆ ಕಾಣುತ್ತದೆ. ನಡುವೆ ಗ್ಯಾಸ್ಕೆಟ್ ಇಲ್ಲ. ನಯವಾಗಿ ಕಡೆದ ಎರಡು ಮೈಗಳು ನೇರವಾಗಿ ಕೂತಿವೆ. ಪನಾರ್‌ನಲ್ಲಿ ಈ ಗೆರೆಯನ್ನು ಎಷ್ಟು ಹುಡುಕಿದರೂ ಸಿಗದು. ಅಲ್ಲಿ ಹೆಡ್ಡೂ ಸಿಲಿಂಡರೂ ಒಂದೇ ಎರಕ, ಒಳಗೆ ಕಬ್ಬಿಣದ ಲೈನರ್.

ಹಾಗೆ ಎರಕ ಹೊಯ್ಯುವ ಧೈರ್ಯ ಮಾಡಿದವರು ಪನಾರ್‌ನ ಎಂಜಿನಿಯರ್ ಲೂಯಿ ದೆಲಗಾರ್ದ್. ಜೋಡಣೆಯೇ ಇಲ್ಲದ ಮೇಲೆ ಅಲ್ಲಿಂದ ಸೋರುವ ಪ್ರಶ್ನೆಯೂ ಇಲ್ಲ, ಶಾಖ ಹರಿಯಲು ಅಡ್ಡಿಯೂ ಇಲ್ಲ. ಆದರೆ ಒಂದು ವಾಲ್ವ್ ಮುಟ್ಟಬೇಕೆಂದರೆ ಇಡೀ ಸಿಲಿಂಡರ್ ಕಳಚಬೇಕು. ವಾಲ್ವ್ ಕವರ್ ಬಿಚ್ಚಿದವರಿಗೆ ಇನ್ನೊಂದು ಅಚ್ಚರಿ ಕಾದಿರುತ್ತದೆ: ಸುರುಳಿ ಸ್ಪ್ರಿಂಗ್‌ಗಳೇ ಇಲ್ಲ. ತಿರುಚಿದಾಗ ಮರಳಿ ಸೆಟೆಯುವ ಉಕ್ಕಿನ ಸರಳುಗಳು ಆ ಕೆಲಸ ಮಾಡುತ್ತವೆ. ಕ್ರ್ಯಾಂಕ್ ಶಾಫ್ಟ್ ತಿರುಗುವುದು ರೋಲರ್ ಬೇರಿಂಗ್‌ಗಳ ಮೇಲೆ. ಇಷ್ಟು ಮುತುವರ್ಜಿಯ ಫಲವಾಗಿ 851 ಸಿಸಿಯ ಈ ಪುಟ್ಟ ಎಂಜಿನ್ 1954ರ ಡೀನಾ ಝಡ್ ಕಾರನ್ನು ಗಂಟೆಗೆ 130 ಕಿ.ಮೀ. ಓಡಿಸುತ್ತಿತ್ತು. ಲೆ ಮಾನ್ಸ್‌ನ 24 ಗಂಟೆ ಓಟದಲ್ಲಿ, ಗಾತ್ರಕ್ಕೆ ತಕ್ಕ ಸಾಮರ್ಥ್ಯವನ್ನು ಅಳೆಯುವ ಬಹುಮಾನವನ್ನು ಪನಾರ್ ಎಂಜಿನ್ನಿನ ಕಾರುಗಳು ಮತ್ತೆ ಮತ್ತೆ ಗೆದ್ದವು. ಸಣ್ಣ ಎಂಜಿನ್ನಿಗೆ ಇಷ್ಟು ಗೌರವ ಕೊಟ್ಟ ವಿನ್ಯಾಸ ಆ ಕಾಲದಲ್ಲಿ ಬಹಳ ಕಡಿಮೆ.

2ಸಿವಿಯ ಎಂಜಿನ್ ರೂಪಿಸಿದ ವಾಲ್ಟರ್ ಬೆಕ್ಕಿಯಾ ಟಾಲ್ಬೊ ಕಂಪನಿಯಿಂದ ಬಂದವರು. ಹಳ್ಳಿಯ ರೈತನ ಕಾರಿಗೆ ಬೇಕಾದ ತಾಳಿಕೆ ಅವರ ಗುರಿ. 1948ರಲ್ಲಿ ಅದು 375 ಸಿಸಿ, ಶಕ್ತಿ 9 ಅಶ್ವಬಲ. ಡಿಸ್ಟ್ರಿಬ್ಯೂಟರ್ ಇಲ್ಲ, ಎರಡೂ ಪ್ಲಗ್ಗುಗಳಲ್ಲಿ ಒಟ್ಟಿಗೇ ಕಿಡಿ ಹಾರುತ್ತದೆ. ಫ್ಯಾನ್‌ಗೆ ಬೆಲ್ಟ್ ಕೂಡ ಇಲ್ಲ, ಕ್ರ್ಯಾಂಕ್ ಶಾಫ್ಟಿನ ತುದಿಗೇ ಕೂರಿಸಿದ್ದಾರೆ. ಕನೆಕ್ಟಿಂಗ್ ರಾಡ್‌ಗಳು ಇಡಿಯಾದವು, ಬೋಲ್ಟ್ ಹಾಕಿ ಜೋಡಿಸಿದವಲ್ಲ. ಮುಂದೆ 425, 435, 602 ಸಿಸಿಯ ಎಂಜಿನ್‌ಗಳು ಬಂದವು. 435 ಮತ್ತು 602ರ ನಡುವೆ ಅನುಮಾನ ಬಂದರೆ ಬೋರ್ ಅಳೆಯಬೇಕು: ಮೊದಲನೆಯದು 68.5 ಮಿ.ಮೀ., ಎರಡನೆಯದು 74.

ಈ ಎರಡು ಮನೆಗಳ ಕತೆ ಮುಂದೆ ಒಂದಾಯಿತು. 1955ರಲ್ಲಿ ಸಿಟ್ರೊಯೆನ್ ಪನಾರ್‌ನ ಪಾಲು ಕೊಂಡಿತು, 1965ರಲ್ಲಿ ಪೂರ್ತಿ ಕೊಂಡಿತು. ಪ್ಯಾರಿಸ್ಸಿನ ಪನಾರ್ ಕಾರ್ಖಾನೆಯಲ್ಲಿ 2ಸಿವಿಯ ವ್ಯಾನುಗಳು ತಯಾರಾದವು. 1890ರ ದಶಕದ ಆರಂಭದಿಂದಲೇ ಕಾರು ಮಾಡುತ್ತಿದ್ದ ಪನಾರ್ 1967ರಲ್ಲಿ ಅದನ್ನು ನಿಲ್ಲಿಸಿತು. 2ಸಿವಿ ಮಾತ್ರ 1990ರ ಜುಲೈವರೆಗೆ ಬಂತು, 38 ಲಕ್ಷಕ್ಕೂ ಹೆಚ್ಚು ಕಾರುಗಳು. ಅದರ ಬಿಡಿಭಾಗಗಳು ಇಂದಿಗೂ ಹೊಸದಾಗಿ ಸಿಗುತ್ತವೆ. ಪನಾರ್ ಇಟ್ಟುಕೊಂಡವರು ಕ್ಲಬ್‌ಗಳನ್ನೂ ಹಳೆಯ ಸಾಮಾನನ್ನೂ ನೆಚ್ಚಿಕೊಂಡಿರಬೇಕು. ಇದು ನನಗೆ ನೋವಿನ ಸಂಗತಿ; ಉತ್ತಮ ಎಂಜಿನಿಯರಿಂಗ್‌ಗೆ ಇದಕ್ಕಿಂತ ದೀರ್ಘ ಆಯುಷ್ಯ ಸಲ್ಲಬೇಕಿತ್ತು.

ವರ್ಷದ ಆರಂಭದಲ್ಲಿ ಪ್ಯಾರಿಸ್ಸಿನಲ್ಲಿ ಹಳೆಯ ಕಾರುಗಳ ರೆಟ್ರೊಮೊಬೀಲ್ ಮೇಳ ನಡೆಯುತ್ತದೆ. ಆ ಕಡೆ ಹೋಗುವವರು ಬಾನೆಟ್ ತೆರೆದಿಟ್ಟ ಪನಾರ್ ಕಂಡರೆ ದಾಟಿ ಹೋಗಬೇಡಿ. ಬಗ್ಗಿ, ಆ ಸಿಲಿಂಡರನ್ನು ಒಮ್ಮೆ ನೋಡಿ ಬನ್ನಿ.