ಸಂಸ್ಥೆಗಳ ಒಳಬಾಳು: ಕಾಸರವಳ್ಳಿಯವರ ಎರಡು ಚಿತ್ರಗಳು

ಪಾಠಶಾಲೆ, ಕಚೇರಿ, ಆಸ್ಪತ್ರೆಗಳನ್ನು ಮನುಷ್ಯನು ತನ್ನ ಹಿತಕ್ಕಾಗಿಯೇ ಕಟ್ಟಿಕೊಂಡಿದ್ದಾನೆ. ಆದರೆ ಅವುಗಳ ಗೋಡೆಯೊಳಗೆ ನಿತ್ಯವೂ ನಡೆಯುವುದು ಹೊರಗಿನವರಿಗೆ ಕಾಣದು; ಒಳಗಿನವರಿಗೆ ಅದು ರೂಢಿಯಾಗಿಬಿಟ್ಟಿರುತ್ತದೆ. ಅಮೇರಿಕೆಯ ಫ್ರೆಡರಿಕ್ ವೈಸ್‌ಮನ್ ಅವರು 1967ರಲ್ಲಿ ಅಪರಾಧಿ ಮನೋರೋಗಿಗಳ ಆಸ್ಪತ್ರೆಯೊಂದನ್ನೂ 1968ರಲ್ಲಿ ಪ್ರೌಢಶಾಲೆಯೊಂದನ್ನೂ ಸಾಕ್ಷ್ಯಚಿತ್ರಗಳಲ್ಲಿ ತೋರಿಸಿದರು. ಅವುಗಳಲ್ಲಿ ವಿವರಣೆಯ ಧ್ವನಿಯಿಲ್ಲ, ಸಂದರ್ಶನವಿಲ್ಲ; ಕ್ಯಾಮರಾ ತಾಳ್ಮೆಯಿಂದ ನೋಡುತ್ತದೆ, ಅಷ್ಟೆ. ಕನ್ನಡದಲ್ಲಿ ಅಂಥ ತಾಳ್ಮೆಯನ್ನು ಕಥಾಚಿತ್ರಕ್ಕೆ ತಂದವರು ಶ್ರೀ ಗಿರೀಶ ಕಾಸರವಳ್ಳಿಯವರು.

ತೀರ್ಥಹಳ್ಳಿ ತಾಲ್ಲೂಕಿನ ಕೆಸಲೂರಿನವರಾದ ಇವರು ಚಲನಚಿತ್ರಕಲೆಯ ಶಿಕ್ಷಣ ಪಡೆದದ್ದು ನಮ್ಮ ಮಹಾರಾಷ್ಟ್ರದ ಪುಣೆಯಲ್ಲಿ. ಯು. ಆರ್. ಅನಂತಮೂರ್ತಿಯವರ ಕಥೆಯನ್ನು ಆಧರಿಸಿದ 'ಘಟಶ್ರಾದ್ಧ' (1977) ಇವರ ಪ್ರಥಮ ಕಥಾಚಿತ್ರ. ಅದಕ್ಕೆ ರಾಷ್ಟ್ರಪತಿಗಳ ಸ್ವರ್ಣಕಮಲ ದೊರೆಯಿತು. ಮಲೆನಾಡಿನ ವೇದಪಾಠಶಾಲೆಯೊಂದರಲ್ಲಿ ನಡೆಯುವ ಕಥೆಯಿದು. ತಾಯಿಯನ್ನು ನೆನೆದು ಅಳುವ ಬಾಲಕ ನಾಣಿಯನ್ನು ದೊಡ್ಡ ಹುಡುಗರು ಪೀಡಿಸುತ್ತಾರೆ. ಅವನಿಗೆ ಆಸರೆಯಾಗುವವಳು ಗುರುಗಳ ವಿಧವೆ ಮಗಳು ಯಮುನಕ್ಕ ಒಬ್ಬಳೇ. ಅವಳು ಗರ್ಭಿಣಿಯಾದಾಗ, ಬದುಕಿರುವಾಗಲೇ ತಂದೆಯಿಂದಲೇ ಅವಳ ಶ್ರಾದ್ಧವಾಗುತ್ತದೆ. ಮಂತ್ರಗಳನ್ನು ತಪ್ಪಿಲ್ಲದೆ ಕಲಿಸುವ ಶಾಲೆಯು ಮಗುವಿಗೆ ಕೊನೆಯಲ್ಲಿ ಕಲಿಸಿದ್ದೇನು? ಚಿತ್ರವು ಉತ್ತರ ಹೇಳುವುದಿಲ್ಲ. ನಾಣಿಯ ಕಣ್ಣುಗಳನ್ನು ತೋರಿಸುತ್ತದೆ. ಈ ಚಿತ್ರದ ಪ್ರತಿಯನ್ನು ಪುನರುಜ್ಜೀವನಗೊಳಿಸಿ 2024ರಲ್ಲಿ ವೆನಿಸ್ ಚಿತ್ರೋತ್ಸವದಲ್ಲಿ ಪ್ರದರ್ಶಿಸಲಾಯಿತು.

ಪೂರ್ಣಚಂದ್ರ ತೇಜಸ್ವಿಯವರ ಕಥೆಯಿಂದ ಮೂಡಿದ 'ತಬರನ ಕಥೆ' 1986ನೆಯ ಸಾಲಿನ ಸ್ವರ್ಣಕಮಲವನ್ನು ಪಡೆಯಿತು. ತಬರನಾಗಿ ನಟಿಸಿದ ಚಾರುಹಾಸನ್ ಅವರು ಶ್ರೇಷ್ಠ ನಟರೆನಿಸಿದರು. ಆಯುಷ್ಯವೆಲ್ಲ ಸರಕಾರದ ಸೇವೆಯಲ್ಲಿ ಸವೆದ ಜವಾನ ತಬರನು ತನ್ನ ಪಿಂಚಣಿಗಾಗಿ ಮೇಜಿನಿಂದ ಮೇಜಿಗೆ ಅಲೆಯುತ್ತಾನೆ. ಮನೆಯಲ್ಲಿ ಹೆಂಡತಿ ಅಪ್ಪಿಯ ಕಾಲು ಮಧುಮೇಹದಿಂದ ಕೊಳೆಯುತ್ತಿರುತ್ತದೆ. ಕಡತಕ್ಕೆ ಅವಸರವಿಲ್ಲ, ರೋಗವು ಕಾಯುವುದಿಲ್ಲ.

ಉಮರಗಾ, ನಿಲಂಗಾ, ಉದಗೀರದ ಕಡೆಯ ಕನ್ನಡಿಗರಾದ ನಮಗೆ ಇಲ್ಲಿ ವಿಚಾರ ಮಾಡತಕ್ಕ ಮಾತೊಂದಿದೆ. ಮನೆಯಲ್ಲಿ ಕನ್ನಡ, ಕಚೇರಿಯಲ್ಲಿ ಮರಾಠಿ. ಆದುದರಿಂದಲೇ ನಮ್ಮ ಹಿರಿಯರ ಅಹವಾಲು ಯಾರಿಗೂ ಮುಟ್ಟುವುದಿಲ್ಲವೆಂದು ನಾವು ಭಾವಿಸುತ್ತೇವೆ. ಅದರಲ್ಲಿ ಸತ್ಯವಿದೆ. ಆದರೆ ತಬರನ ಭಾಷೆಯೂ ಅವನ ಕಚೇರಿಯ ಭಾಷೆಯೂ ಕನ್ನಡವೇ. ಆದರೂ ಅವನ ಮಾತನ್ನು ಕೇಳಿದವರಿಲ್ಲ. ಭಾಷೆ ಒಂದಾದ ಮಾತ್ರಕ್ಕೆ ಕಿವಿ ತೆರೆಯುವುದಿಲ್ಲ.

ಈ ಎರಡು ಚಿತ್ರಗಳಲ್ಲಿ ಒಬ್ಬನನ್ನೇ ಬೆರಳಿಟ್ಟು ಖಳನೆಂದು ತೋರಿಸಲಾಗದು. ಎಲ್ಲರೂ ತಮ್ಮ ತಮ್ಮ ನಿಯಮವನ್ನು ಪಾಲಿಸುತ್ತಾರೆ, ಅದರಿಂದಲೇ ಅನ್ಯಾಯವಾಗುತ್ತದೆ. ಹಾಜರಿ ಪುಸ್ತಕ, ಗಂಟೆ, ವೇಳಾಪತ್ರಿಕೆ ಇವುಗಳಿಂದಲೇ ಶಾಲೆ ನಡೆಯುವುದೆಂದು ನಂಬಿದ ನಮ್ಮಂಥ ಶಿಕ್ಷಕರಿಗೆ ಇದು ಸಣ್ಣ ಪಾಠವಲ್ಲ. ಉದಗೀರ, ಲಾತೂರಗಳ ವಸತಿಗೃಹಗಳಿಗೆ ಮಕ್ಕಳನ್ನು ಕಳಿಸುವ ತಂದೆತಾಯಿಗಳು ಅಂಕಪಟ್ಟಿಯನ್ನಷ್ಟೇ ಕೇಳದೆ, ರಾತ್ರಿ ದೀಪವಾರಿದ ಮೇಲೆ ಅಲ್ಲಿ ಸಣ್ಣವನ ಪಾಡೇನೆಂಬುದನ್ನೂ ಕೇಳಬೇಕು. ಒಂದು ಸಂಸ್ಥೆಯ ಯೋಗ್ಯತೆಯನ್ನು ಅದರ ನಾಮಫಲಕದಿಂದ ಅಳೆಯಲಾಗದು. ಅಲ್ಲಿಯ ಅತಿ ದುರ್ಬಲನು ಅದನ್ನು ಹೇಗೆ ಕಾಣುತ್ತಾನೆಂಬುದೇ ಅದರ ನಿಜವಾದ ಅಳತೆ.